ಹಾಸುಬೆಳಕಿನ ಕೂಟ

ಮೊಳಕಾಲ್ಮೂರು
೧೦ ಮಾರ್ಚ್ ೨೦೨೪, ಭಾನುವಾರ

ನನ್ನ ಕಂದ ವೀಣಾ,

ಎಲ್ಲಿದ್ದರೂ ತಣ್ಣಗಿರು. ಫೋನು ಮಾಡಿದರೆ ನೀನು ಎತ್ತುವುದಿಲ್ಲ, ಎತ್ತಿದರೂ ನನ್ನ ಬಾಯಿಂದ ಮಾತು ಹೊರಡುವುದಿಲ್ಲ. ಏಳನೇ ಕ್ಲಾಸು ಓದಿದವಳಿಗೆ ಬರೆಯುವುದೇ ಸುಲಭ. ಕೂಟದ ದಿನಚರಿಯಿಂದಲೇ ಈ ಹಾಳೆಗಳನ್ನು ಹರಿದುಕೊಂಡಿದ್ದೇನೆ.

ನಿಮ್ಮಪ್ಪ ಹೋಗಿ ನಾಲ್ಕು ತಿಂಗಳಾಯಿತು. ಮಣ್ಣಿನ ದಿನ ನೀನು ಚಳ್ಳಕೆರೆಯಿಂದ ಬಂದು ಅಂಗಳದಲ್ಲೇ ನಿಂತೆ. ಮಗ್ಗದ ಕೋಣೆಗೆ ಕಾಲಿಡದೆ ಸಂಜೆ ಬಸ್ಸಿಗೆ ಹೊರಟುಹೋದೆ. ಯಾಕೆಂದು ಯಾರೂ ಕೇಳಲಿಲ್ಲ. ನನಗೆ ಗೊತ್ತಿತ್ತು, ನಾನೂ ಹೇಳಲಿಲ್ಲ.

ನಿನ್ನೆ ನಮ್ಮ ಕೂಟದ ರಾಜಣ್ಣ ಬಂದಿದ್ದ. "ಅಕ್ಕಾ, ಕೂಟ ಮತ್ತೆ ಶುರು ಮಾಡಾಣ. ನಿನ್ ಯಜಮಾನ್ರು ವೆಂಕಟೇಶಪ್ಪಾರ ಜಾಗದಾಗೆ ನೀನೇ ಕೂತ್ಕ. ಇಪ್ಪತ್ತು ವರ್ಷ ಎಲ್ಲಾ ಬರ್ದಿಟ್ಟೋಳು ನೀನೇ ಅಲ್ವಾ?" ಎಂದ. ನನ್ನಿಂದಾಗದು ಎಂದೆ. ಕಾರಣವನ್ನು ಅವನಿಗೆ ಹೇಳುವ ಮೊದಲು ನಿನಗೆ ಹೇಳಬೇಕು.

ಕೂಟ ಸೇರುತ್ತಿದ್ದ ಆ ಮಗ್ಗದ ಕೋಣೆಯಲ್ಲೇ ನೀನು ಬೆಳೆದವಳು. ಆದರೂ ಮೊದಲಿಂದ ಬರೆಯುತ್ತೇನೆ, ಹಾಗೆ ಬರೆದರೆ ನನಗೆ ಧೈರ್ಯ. ನಾಲ್ಕು ಗಂಟೆಗೆ ಮಗ್ಗ ನಿಲ್ಲುತ್ತಿತ್ತು. ಪಡುವಣ ಬಾಗಿಲು ತೆರೆದರೆ ಬಿಸಿಲು ಮಣೆಯವರೆಗೆ ಬರುತ್ತಿತ್ತು. ರೇಷ್ಮೆ ನೂಲು ಸುತ್ತಿದ ಒಂದು ಕಂಡಿಕೆಯನ್ನೋ ಸೀರೆಯ ಅಂಚನ್ನೋ ಮಣೆಯ ಮೇಲಿಟ್ಟು, ಸುತ್ತ ಕೂತವರು ಒಬ್ಬೊಬ್ಬರಾಗಿ ಕಂಡದ್ದನ್ನು ಹೇಳಬೇಕು. "ಬೆಳಕು ಉದ್ದೆಳೆ ಹಾಸು ಇದ್ದಂಗೆ, ಅದು ಎಲ್ಲಾರ್ಗೂ ಒಂದೇ. ಅವರವರ ಕಣ್ಣು ಅಡ್ಡೆಳೆ ಹೊಕ್ಕು. ಎರಡೂ ಸೇರಿ ನೇಯ್ದಿದ್ದೇ ಕಾಣೋದು" ಎನ್ನುತ್ತಿದ್ದರು ನಿಮ್ಮಪ್ಪ. ಅದಕ್ಕೇ ಹಾಸುಬೆಳಕಿನ ಕೂಟ ಎಂಬ ಹೆಸರು. ಬೀದಿಯವರು ನಮ್ಮನ್ನು "ಹಗಲೊತ್ತು ಬೆಳಕು ಹುಡುಕೋರು" ಎಂದು ಆಡಿಕೊಂಡರೂ ಹನ್ನೊಂದು ಜನ ತಪ್ಪದೆ ಬರುತ್ತಿದ್ದರು.

ಇಬ್ಬರಿಗೆ ಬೇರೆ ಬೇರೆ ಕಂಡರೆ ಜಾಗ ಬದಲಾಯಿಸಿ ಮತ್ತೆ ನೋಡಬೇಕು. ಕೂತ ಜಾಗ ಬದಲಾದ ಮೇಲೆ ಯಾರ ನೋಟ ಬದಲಾಯಿತೋ ಅವರು ಮಣೆಯ ಮೇಲಿನದರಿಂದ ಒಂದು ಎಳೆ ಕಿತ್ತು, ಗಂಟು ಹಾಕಿ ಇನ್ನೊಬ್ಬರ ಕೈಗೆ ಕೊಡಬೇಕು. ನೀನು ಕಂಡದ್ದು ಈಗ ನನಗೂ ಕಂಡಿತು ಎಂದು ಅದರ ಅರ್ಥ. ಬಾಯಲ್ಲಿ ಹೇಳುವಂತಿಲ್ಲ. ಆಗಲೂ ಒಮ್ಮತವಾಗದಿದ್ದರೆ ಮೂರನೆಯವರು ಎರಡೂ ಜಾಗದಲ್ಲಿ ಕೂತು ಹೇಳಿದ್ದೇ ಕೊನೆ. ಉಳಿದವರು ತುಟಿ ಬಿಚ್ಚುವಂತಿಲ್ಲ. ನೀನು ಚಿಕ್ಕವಳಿದ್ದಾಗ ನಿಮ್ಮಪ್ಪ ನಿನಗೆ ಕೊಟ್ಟ ಗಂಟಿನ ಎಳೆಗಳನ್ನು ನೀನೇ ಕುಂಕುಮದ ಡಬ್ಬಿಯಲ್ಲಿ ತುಂಬಿಟ್ಟಿದ್ದೆ. ಆ ಡಬ್ಬಿ ಇಲ್ಲೇ ಇದೆ.

ಆರು ವರ್ಷದ ಹಿಂದಿನ ಆ ಸಂಜೆ ಮಣೆಯ ಮೇಲೆ ಇದ್ದದ್ದು ನೇರಳೆ ಕಂಡಿಕೆ. ನಿಮ್ಮಪ್ಪ "ಹಸಿರು" ಎಂದರು. ನೀನು, "ಅಪ್ಪಾ, ಅದು ನೇರಳೆ. ನಿನ್ ಕಣ್ಣಿಗೆ ಏನೋ ಆಗೈತೆ. ನಾಳೆ ಚಳ್ಳಕೆರೆಗೆ ಹೋಗಿ ಡಾಕ್ಟ್ರಿಗೆ ತೋರ್ಸಾಣ" ಎಂದೆ. ಜಾಗ ಬದಲಾಯಿಸಿದಿರಿ. ಅವರಿಗೆ ಆಗಲೂ ಹಸಿರೇ. ಆಮೇಲೆ ನನ್ನ ಕಡೆ ತಿರುಗಿ, "ನೀನು ಕೂತು ಹೇಳು" ಎಂದರು.

ಅವರ ಕಣ್ಣು ಮಂಜಾದದ್ದು ನನಗೆ ಒಂದು ವರ್ಷದಿಂದ ಗೊತ್ತಿತ್ತು. ಕಂಡಿಕೆಗಳನ್ನು ಬಣ್ಣದ ಸಾಲು ತಪ್ಪದಂತೆ ಅವರ ಕೈಗೆ ಎಟಕುವ ಹಾಗೆ ನಾನೇ ಜೋಡಿಸಿಡುತ್ತಿದ್ದೆ. ಎರಡೂ ಜಾಗದಲ್ಲಿ ಕೂತೆ. ಎರಡು ಕಡೆಯಿಂದಲೂ ನೇರಳೆಯೇ. ನೋಡುವುದನ್ನು ಕಲಿಸಿದ ಮನುಷ್ಯ ಹನ್ನೊಂದು ಜನರ ಮುಂದೆ ಕುರುಡನಾಗುತ್ತಾನಲ್ಲ ಎನ್ನಿಸಿತು. ಹಸಿರು ಎಂದೆ. ದಿನಚರಿಯಲ್ಲೂ ಹಸಿರು ಎಂದೇ ಬರೆದೆ. ಹೊರಗೆ ಹೋಗುವಾಗ ರಾಜಣ್ಣ ಮೆಲ್ಲಗೆ, "ಅಕ್ಕಾ, ಇನ್ಮೇಲೆ ನೇರಳೆಹಣ್ಣು ತಿಂದ್ರೆ ನಾಲಿಗೆ ಹಸ್ರಾಗುತ್ತಾ?" ಎಂದು ಕೇಳಿದ. ನಾನು ನಗಲಿಲ್ಲ.

ಬೆಳಿಗ್ಗೆ ನೀನು ಚೀಲ ಹಿಡಿದು ನಿಂತೆ. "ಈ ಮನೇಲಿ ನನ್ ಕಣ್ಣಿಗೆ ಜಾಗ ಇಲ್ಲ ಕಣವ್ವ" ಎಂದೆ. ಆಗಲೂ ನಾನು ಬಾಯಿ ಬಿಡಬಹುದಿತ್ತು. ನಿನ್ನ ಚೀಲಕ್ಕೆ ಶೇಂಗಾ ಚಟ್ನಿಪುಡಿ ಹಾಕಿದೆ.

ಮೂರು ವರ್ಷ ಬಿಟ್ಟು ಅವರನ್ನು ಡಾಕ್ಟರಿಗೆ ತೋರಿಸಿದೆ. ಕಣ್ಣಿನೊಳಗೆ ಒತ್ತಡ ಹೆಚ್ಚಿತ್ತಂತೆ, ಮೊದಲೇ ಬಂದಿದ್ದರೆ ಉಳಿಸಬಹುದಿತ್ತಂತೆ. ಆ ಮಾತನ್ನು ನಾನು ಅವರಿಗೆ ಹೇಳಲಿಲ್ಲ. ಕೊನೆಯ ವರ್ಷಗಳಲ್ಲಿ ಅವರು ಬಾಗಿಲಲ್ಲೇ ಕೂತಿರುತ್ತಿದ್ದರು. ಪೋಸ್ಟಿನವನ ಸೈಕಲ್ ಸದ್ದಾದರೆ ಮುಖ ಎತ್ತಿ, "ಏನಾನಾ ಬಂತಾ?" ಎಂದು ಕೇಳುತ್ತಿದ್ದರು. ಇಲ್ಲ ಎಂದರೆ, "ಇರ್ಲಿ ಬಿಡು" ಎನ್ನುತ್ತಿದ್ದರು.

ಕೂಟ ನಡೆಯುವುದಾದರೆ ಅವರ ಜಾಗ ನಿನ್ನದು. ಬಾ ಎನ್ನುವ ಹಕ್ಕು ನನಗಿಲ್ಲ. ಬರುವ ಭಾನುವಾರ ಎಲ್ಲರನ್ನೂ ಕರೆಸಿ, ಆ ದಿನದ ಹಾಳೆಯನ್ನು ಓದಿ, ನಾನು ಕಂಡದ್ದು ನೇರಳೆ ಎಂದು ಹೇಳುತ್ತೇನೆ. ನೀನು ಬಂದರೂ ಬಾರದಿದ್ದರೂ ಹೇಳುತ್ತೇನೆ.

ಹೊತ್ತಿಗೆ ಸರಿಯಾಗಿ ಊಟ ಮಾಡು.

ನಿನ್ನ ಅವ್ವ,
ತಿಪ್ಪಕ್ಕ

ಮರೆತು ಬಿಟ್ಟದ್ದಲ್ಲ, ಮೇಲೆ ಬರೆಯಲು ಕೈ ಬರಲಿಲ್ಲ: ಮಡಿಕೆಯೊಳಗೆ ಒಂದು ನೇರಳೆ ಎಳೆ ಇದೆ. ಅದರಲ್ಲಿ ಎರಡು ಗಂಟುಗಳಿವೆ. ಹಳೆಯದು ನಿಮ್ಮಪ್ಪನದು. ನೀನು ಹೋದ ಎಂಟನೆಯ ದಿನ ಆ ಕಂಡಿಕೆಯನ್ನು ಬಾಗಿಲ ಬಿಸಿಲಿಗೆ ಹಿಡಿದು, ಕಣ್ಣಿಗೆ ತಾಗಿಸುವಷ್ಟು ಹತ್ತಿರ ತಂದು, ಬಹಳ ಹೊತ್ತು ತಿರುಗಿಸಿ ನೋಡಿದರು. ಒಂದು ಎಳೆ ಕಿತ್ತು ಗಂಟು ಹಾಕಿ ನನ್ನ ಕೈಗೆ ಕೊಟ್ಟು, "ವೀಣಾಗೆ ಕಳ್ಸು. ಅವಳು ಬರ್ಲಿ, ಡಾಕ್ಟ್ರ ಹತ್ರ ಅವಳ ಜೊತೇನೇ ಹೋಗ್ತೀನಿ" ಎಂದರು. ನೀನು ಬಂದರೆ ಕೂಟದ ಮುಂದೆ ನನ್ನ ಸುಳ್ಳು ಹೊರಬೀಳುತ್ತದೆಂದು ಹೆದರಿದೆ. ಕಳಿಸಿದೆ ಎಂದು ಹೇಳಿ, ದಿನಚರಿಯ ರಟ್ಟಿನೊಳಗೆ ಇಟ್ಟುಕೊಂಡೆ. ಅವರು ಕಾಯುತ್ತಿದ್ದದ್ದು ನಿನ್ನ ಉತ್ತರಕ್ಕೆ. ಹೊಸ ಗಂಟು ನನ್ನದು.