ಚಿಕ್ಕಿ ಒತ್ತಿದವರು

ಬಂಗಾರಕ್ಕ,

ನಿನ್ನೆ ಕೆಟ್ಟ ಕನಸು ಬಿತ್ತು. ಎಳ್ಳು ಚಿಕ್ಕಿ ಕಚ್ಚಿ ನನ್ನ ಹಲ್ಲೆಲ್ಲ ಉದುರಿದ್ದವು. ಆದರೂ ಇವತ್ತು ಚಿಕ್ಕಿ ಮಾಡಲೇಬೇಕಿತ್ತು, ನಾಳೆ ಮಗಳು ಗಂಡನ ಮನೆಗೆ ಹೊರಡುತ್ತಾಳೆ, ಬರೀ ಡಬ್ಬಿ ಕಳಿಸಲಾಗುತ್ತದೆಯೇ? ನಾನು ಪಾಕ ಸುರಿದರೆ ಬಿಸಿಯಲ್ಲೇ ಒತ್ತುವ ಕೈ ಯಾವಾಗಲೂ ನಿನ್ನದು. ನಿಮ್ಮ ಕೇರಿಗೆ ಅಣೆಕಟ್ಟಿನ ನೀರು ಬಂದು ನೀವು ಹೋದ ಮೇಲೆ ಒಬ್ಬಳೇ ಮಾಡಿದ್ದು ಬಾಣಲೆಯಲ್ಲೇ ಕಲ್ಲಾಗಿತ್ತು.

ಇವತ್ತು ಒತ್ತಿದ್ದು ಯಾರು ಗೊತ್ತಾ? ನಮ್ಮನೆಯವರು! ನೀರಿಗೆ ಬಿಟ್ಟ ಪಾಕದ ಹನಿ ತಟ್ಟೆಗೆ ಹಾಕಿದಾಗ ಟಣ್ ಎಂದದ್ದೇ ತಡ, ಎಳ್ಳು ಬೆರೆಸಿ ಮಣೆಗೆ ಸುರಿದೆ.

"ಬನ್ರೀ, ಲಟ್ಟಣಿಗೆ ಹಿಡೀರಿ, ಗಟ್ಟಿಯಾಗ್ತದೆ!" ಎಂದು ಕೂಗಿದೆ.

ಮೀಸೆಗೆಲ್ಲ ಎಳ್ಳು ಮಾಡಿಕೊಂಡು ಒತ್ತಿದರು. "ಬಂಗಾರಕ್ಕ ನಿನ್ನ ಬಾಯಿಗೆ ಹೆದರಿಯೇ ಊರು ಬಿಟ್ಟಿದ್ದು ಕಣೆ" ಎಂದರು. ಮಗಳು ಬಿದ್ದು ಬಿದ್ದು ನಕ್ಕಳು. ನಾನೂ ನಕ್ಕೆ, ಆಮೇಲೆ ಒಲೆ ಕಡೆ ತಿರುಗಿದೆ.

ಚಿಕ್ಕಿ ಗಾಜಿನ ಹಾಗೆ ಮುರಿಯಿತು, ಬಂಗಾರಕ್ಕ! ಡಬ್ಬಿ ತುಂಬಿ ಮಿಕ್ಕಿದ್ದನ್ನು ನಿನಗೆಂದು ಕಟ್ಟಿಟ್ಟಿದ್ದೇನೆ.

ಆದರೆ ನಿಮ್ಮನ್ನು ಬಿಟ್ಟುಬಂದ ಲಾರಿಯವನು ಒಂದೊಂದು ಸಲ ಒಂದೊಂದು ಊರಿನ ಹೆಸರು ಹೇಳುತ್ತಾನೆ. ನೀವು ಇಳಿದದ್ದು ಯಾವ ಊರಲ್ಲಿ, ಈ ಕಾಗದ ಯಾವ ವಿಳಾಸಕ್ಕೆ ಹಾಕಲಿ, ನೀನೇ ಹೇಳು ಮಾರಾಯ್ತಿ.