ನಾಲ್ಕನೇ ದಿನದ ಒಣದ್ರಾಕ್ಷಿ

ಕಾಗವಾಡ
15 ಸೆಪ್ಟೆಂಬರ್ 2025

ನನ್ನ ಮುದ್ದಿನ ಮಯೂರಿ ಅಕ್ಕನಿಗೆ,

ಜೈ ಜಿನೇಂದ್ರ! ಮೊದಲು ಚೆನ್ನಾಗಿ ಬೈದುಬಿಡು, ಆಮೇಲೆ ಓದು. ಕ್ಷಮಾವಣಿ ಮುಗಿದು ಒಂದು ವಾರವಾಯಿತು. ವರ್ಷದ ತಪ್ಪುಗಳಿಗೆಲ್ಲ ಒಬ್ಬರನ್ನೊಬ್ಬರು ಕ್ಷಮೆ ಕೇಳುವ ಆ ದಿನ ನಾನು ನೂರಾರು ಜನರಿಗೆ ಒಂದೇ ಚಿತ್ರವನ್ನು ವಾಟ್ಸ್ಯಾಪಿನಲ್ಲಿ ಕಳಿಸಿದೆ. ನಿನ್ನ ಹೆಸರು ಬಂದಾಗ ಮಾತ್ರ ಬೆರಳು ನಿಂತುಬಿಟ್ಟಿತು. ನಿನಗೆ ಬರೆಯಬೇಕು, ಕೈಯಾರೆ ಬರೆಯಬೇಕು ಅನಿಸಿತು. ಇಂಗ್ಲಿಷ್ ಶಾಲೆಯವಳ ಕನ್ನಡ ಅಕ್ಷರ ಕೋಳಿ ಕೆದರಿದ ಹಾಗಿದೆ ಅನ್ನಬೇಡ. ದೊಡ್ಡಪ್ಪನ ಪಡಸಾಲೆಯಲ್ಲಿ ಕೂರಿಸಿಕೊಂಡು ತಿದ್ದಿಸಿದವಳು ನೀನೇ, ಈಗ ನೀನೇ ಅನುಭವಿಸು!

ನಾನು ಸುಖವಾಗಿದ್ದೇನೆ ಅಕ್ಕ. ಎಷ್ಟು ಸುಖ ಅಂದರೆ ಹೇಳಲು ನಾಚಿಕೆ! ಮದುವೆಯಾಗಿ ನಾಲ್ಕು ತಿಂಗಳಾದರೂ ಸುಹಾಸ ಮನೆಗೆ ಬರುವ ಬೈಕಿನ ಸದ್ದಿಗೆ ನನ್ನ ಕೈಯಲ್ಲಿದ್ದದ್ದು ಜಾರುತ್ತದೆ. ಅವರು ಚಹಾಕ್ಕೆ ಸಕ್ಕರೆ ಹಾಕಿ ಕಲಕುವುದನ್ನು ಮರೆಯುತ್ತಾರೆ, ಅದೂ ನನಗೆ ಚಂದ ಕಾಣುತ್ತದೆ. ನಗಬೇಡ! ಇವರದು ಒಣದ್ರಾಕ್ಷಿ ವ್ಯಾಪಾರ ಅಂತ ನಿನಗೆ ಗೊತ್ತೇ ಇದೆ, ಇಲ್ಲಿ ಅದಕ್ಕೆ ಮಣೂಕ ಅನ್ನುತ್ತಾರೆ. ಹಿತ್ತಲಿನ ಕೋಣೆಯ ತುಂಬ ಪೆಟ್ಟಿಗೆಗಳು. ಮನೆಗೆಲ್ಲ ಬಿಸಿಲಿನ ಸಿಹಿ ವಾಸನೆ. ಅದೇ ವಾಸನೆ ನನ್ನ ಮಾನ ಕಳೆಯಿತು, ಕೇಳು.

ದಶಲಕ್ಷಣ ಪರ್ವಕ್ಕೆ ಮೊದಲು ಬಸದಿಯಲ್ಲಿ ಹತ್ತು ದಿನ ಉಪವಾಸ ಮಾಡುವವರ ಹೆಸರು ಬರೆದುಕೊಳ್ಳುತ್ತಿದ್ದರು. ನಮ್ಮ ಅತ್ತೆ ಹನ್ನೊಂದು ವರ್ಷದಿಂದ ತಪ್ಪದೆ ಮಾಡುತ್ತ ಬಂದವರು, ಬರೀ ಕುದಿಸಿ ಆರಿಸಿದ ನೀರಿನ ಮೇಲೆ. ಪಕ್ಕದ ಮನೆಯ ದುಂಡವ್ವ ಕಾಕು ನನ್ನನ್ನು ಮೇಲಿಂದ ಕೆಳಗೆ ನೋಡಿ, “ಹೊಸಾ ಸೊಸಿ ಹೆಸರ ಬ್ಯಾಡ ಬಿಡ್ರಿ. ಇಂಗ್ಲಿಷ್ ಸಾಲಿ ಕಲ್ತಾಕಿ, ಬಿಸ್ಕೀಟ ಇಲ್ಲದ ಚಾ ಇಳಿಯಂಗಿಲ್ಲ ಅಕಿಗೆ” ಅಂದರು. ಹೆಂಗಸರೆಲ್ಲ ನಕ್ಕರು. ನನಗೆ ಎಲ್ಲಿಂದ ಬಂತೋ ಆವೇಶ, “ಬರ್ಕೋರಿ ನನ್ನ ಹೆಸರು. ಹತ್ತೂ ಮಾಡತೇನಿ!” ಅಂದೆ. ಅತ್ತೆ ನನ್ನ ಕೈ ಹಿಡಿದುಕೊಂಡೇ ಮನೆಗೆ ಬಂದರು ಅಕ್ಕ. ದಾರಿಯುದ್ದಕ್ಕೂ ಬಿಡಲಿಲ್ಲ.

ಮೂರು ದಿನ ಹೇಗೋ ಕಳೆದವು. ನಾಲ್ಕನೇ ದಿನ ಮಧ್ಯಾಹ್ನ ಕಣ್ಣ ಮುಂದೆ ಚುಕ್ಕಿ ಕುಣಿದವು. ಹಿತ್ತಲಿನ ಕೋಣೆಗೆ ಹೋಗಿ ಪೆಟ್ಟಿಗೆ ತೆರೆದು ಒಂದು ಮುಷ್ಟಿ ಬಾಯಿಗೆ ಹಾಕಿಕೊಂಡೆ. ಅಗಿಯುತ್ತ ಅಳುತ್ತಿದ್ದೆ. ಅಳುತ್ತಲೇ ಇನ್ನೊಂದು ಮುಷ್ಟಿ! ಆಮೇಲೆ ದಿನಾ ಮಧ್ಯಾಹ್ನ ಅದೇ ಕೆಲಸ.

ಎಲ್ಲರೂ ನನ್ನ ಮುಖದಲ್ಲಿ ತಪಸ್ಸಿನ ಕಳೆ ಬಂದಿದೆ ಅಂದರು. ಸುಹಾಸ ನನ್ನ ಫೋಟೋ ತೆಗೆದು ಊರಿಗೆಲ್ಲ ಕಳಿಸಿದರು. ಅತ್ತೆ ನನ್ನ ಸನ್ಮಾನಕ್ಕೆ ಸೀರೆ ತಂದರು, ಮೆರವಣಿಗೆಗೆ ಕುಡಚಿಯ ಬ್ಯಾಂಡಿನವರಿಗೆ ಹೇಳಿದರು. ನಾನು ಎಲ್ಲದಕ್ಕೂ ಹಲ್ಲು ಕಿರಿದೆ.

ಒಂಬತ್ತನೇ ದಿನ ಸಂಜೆ ಇವರ ಅಜ್ಜಿ ಲಕ್ಷ್ಮಿಬಾಯಿ ನನ್ನ ಹತ್ತಿರ ಬಂದರು. ಅವರನ್ನು ನಾವೆಲ್ಲ ಆಯಿ ಅನ್ನುತ್ತೇವೆ. ಎಂಬತ್ಮೂರು ವರ್ಷ. ಗೋಡೆ ಹಿಡಿದು ಮೆಲ್ಲಗೆ ಬಗ್ಗಿ ನನ್ನ ಕಾಲು ಮುಟ್ಟಲು ಕೈ ಚಾಚಿದರು. ಉಪವಾಸ ಮಾಡಿದವರ ಕಾಲನ್ನು ಹಿರಿಯರೂ ಮುಟ್ಟುತ್ತಾರಲ್ಲ. ನಾನು ಕಾಲು ಎಳೆದುಕೊಂಡೆ. “ಬ್ಯಾಡ್ರಿ ಆಯಿ, ನಾ ತಿಂದೇನಿ” ಅಂದೆ. ಎಲ್ಲ ಹೇಳಿಬಿಟ್ಟೆ.

ಆಯಿ ಗೋಡೆ ಹಿಡಿದು ನೆಟ್ಟಗಾದರು. ಆಮೇಲೆ, “ಮಣೂಕ ತೊಳದ ತಿಂದಿಯೋ, ಹಂಗ ತಿಂದಿಯೋ?” ಅಂತ ಕೇಳಿದರು.

“ಹಂಗ ತಿಂದೆ.”

“ಹೊಟ್ಟಿ ಕೆಡತೈತಿ ಬೇ.” ಪಕ್ಕದಲ್ಲಿ ಕೂತು ನನ್ನ ಬೆನ್ನ ಮೇಲೆ ಕೈಯಿಟ್ಟರು. “ಹಸಿವಿ ತಡಿಯೂದು ನಿನ್ನ ಕೈಲೆ ಆಗಲಿಲ್ಲ. ಆಗಲಿ. ಆಗಲಿಲ್ಲ ಅಂತ ಹೇಳೂದರ ಆಗತೈತೇನ?”

ರಾತ್ರಿಯೇ ಅತ್ತೆಗೆ ಹೇಳಬೇಕಿತ್ತು. ಅವರು ಸೀರೆಗೆ ಫಾಲ್ ಹೊಲಿಯುತ್ತ ಕೂತಿದ್ದರು, ಧೈರ್ಯ ಬರಲಿಲ್ಲ. ಮರುದಿನ ಅನಂತ ಚತುರ್ದಶಿ, ಪರ್ವದ ಕೊನೆಯ ದಿನ. ಬಸದಿಯಲ್ಲಿ ನನ್ನ ಹೆಸರು ಕೂಗಿದಾಗ ಎದ್ದು ನಿಂತು, “ನನ್ನ ಹೆಸರ ತೆಗೀರಿ. ನಾಲ್ಕನೇ ದಿನದಿಂದ ನಾ ಕದ್ದು ತಿಂದೇನಿ. ಹಸಿವಿ ನನಗ ತಡಿಯಂಗಿಲ್ಲರಿ” ಅಂದುಬಿಟ್ಟೆ. ಬಸದಿಯ ಪುರೋಹಿತರಾದ ಉಪಾಧ್ಯೆಯವರ ಕೈಯಲ್ಲಿದ್ದ ಹಾರ ಹಾಗೇ ನಿಂತಿತು. ದುಂಡವ್ವ ಕಾಕುವಿನ ದನಿ ಮಾತ್ರ ಕೇಳಿಸಿತು, “ನಾ ಹೇಳಿದ್ದಿಲ್ಲೇನ, ಬಿಸ್ಕೀಟ!”

“ಬಿಸ್ಕೀಟ ಅಲ್ಲರಿ ಕಾಕು, ಮಣೂಕ” ಅಂದೆ. ಜನ ನಕ್ಕರು. ಅತ್ತೆ ನಗಲಿಲ್ಲ. ಸೀರೆಯ ಪೆಟ್ಟಿಗೆಯನ್ನು ಸೆರಗಿನಲ್ಲಿ ಮುಚ್ಚಿಕೊಂಡರು. ಅದನ್ನು ಮಾತ್ರ ನಾನು ಮರೆಯಲಾರೆ. ಸುಹಾಸ ಗಂಡಸರ ಸಾಲಿನಿಂದ ಎದ್ದು ಬಂದು ನನ್ನನ್ನು ಮನೆಗೆ ಕರೆದುಕೊಂಡು ಹೊರಟರು.

ಚಪ್ಪಲಿ ಬಿಟ್ಟಲ್ಲಿ ಕಾಕು ನನ್ನ ರಟ್ಟೆ ಹಿಡಿದರು. ಬೈಯುತ್ತಾರೆ ಅಂದುಕೊಂಡೆ. “ತಂಗಿ, ನನಗ ಮೂರ ವರ್ಷಾತು ಸಕ್ಕರಿ ಬ್ಯಾನಿ. ಉಪಾಸದಾಗ ಕಣ್ಣಿಗೆ ಕತ್ತಲಿ ಬರತೈತಿ. ಯಾರಿಗೂ ಹೇಳಿಲ್ಲ. ಮುಂದಿನ ವರ್ಷ ನಿನ್ನಂಗ ಹೇಳಿಬಿಡಲೇನ?” ಅಂದರು. “ಮುಂದಿನ ವರ್ಷ ಯಾಕ್ರಿ ಕಾಕು, ಇವತ್ತ ಪಾರಣಿ ಮಾಡ್ರಿ, ನಾಳಿ ಡಾಕ್ಟರ ಕಡೆ ಹೋಗೂಣು” ಅಂದೆ. ಹೋಗಿಯೂ ಬಂದೆವು ಅಕ್ಕ, ಅವರೂ ನಾನೂ!

ಅತ್ತೆ ಎರಡು ದಿನ ನನ್ನ ಜೊತೆ ಮಾತಾಡಲಿಲ್ಲ. ಕ್ಷಮಾವಣಿಯ ಬೆಳಿಗ್ಗೆ ನಾನು ಅವರ ಕಾಲು ಹಿಡಿಯುವ ಮೊದಲೇ ಉಪ್ಪಿಟ್ಟಿನ ತಾಟು ತಂದು ನನ್ನ ಮುಂದೆ ಕುಕ್ಕಿದರು. “ನೀ ತಿಂದಿದ್ದಕ್ಕ ನನಗ ಸಿಟ್ಟಿಲ್ಲ. ಮನ್ಯಾಗ ನನಗ ಹೇಳದ ಮಂದ್ಯಾಗ ಹೇಳಿದಿ, ಅದಕ್ಕ ಸಿಟ್ಟ. ಹಸಿವಾಗೈತಿ ಅನ್ನಾಕ ಏನಾಗಿತ್ತ?” ಅಂದರು. ಸ್ವಲ್ಪ ಹೊತ್ತಾದ ಮೇಲೆ ತಾವೇ, “ನೀ ಹೇಳೂವಂಗ ನಾನೂ ಇರಲಿಲ್ಲ ಬಿಡು” ಅಂದರು. ಇಬ್ಬರೂ ಅತ್ತೆವು. ಉಪ್ಪಿಟ್ಟು ಆರಿಹೋಯಿತು, ಆದರೂ ಪೂರ್ತಿ ತಿಂದೆ!

ನಿನ್ನೆ ಅಷ್ಟಮಿ. ನಾನು ಒಂದು ಹೊತ್ತಿನ ಊಟದ ವ್ರತ ಹಿಡಿದೆ. ಸಂಜೆ ಹಸಿವು ಕಾಡಿದಾಗ ಅತ್ತೆಗೆ ಹೇಳಿದೆ. ಅವರು ನನ್ನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ತಮ್ಮ ಮೊದಲ ಉಪವಾಸದಲ್ಲಿ ಬಾವಿಕಟ್ಟೆಯ ಹತ್ತಿರ ಬಿದ್ದ ಕಥೆ ಹೇಳಿದರು. ಹನ್ನೊಂದು ವರ್ಷದಲ್ಲಿ ಯಾರಿಗೂ ಹೇಳದ ಕಥೆಯಂತೆ. ಹಾಗೇ ನಿದ್ದೆ ಹೋದೆ. ವ್ರತ ಮುಗಿಯಿತು. ಒಂದೇ ದಿನ, ಆದರೆ ಪೂರ್ತಿ ನನ್ನದು.

ಭಾವನಿಗೆ ನಮಸ್ಕಾರ ತಿಳಿಸು. ನಿನ್ನ ಪುಟ್ಟ ಕಾಜಲಳ ಎರಡೂ ಕೆನ್ನೆಗೆ ನನ್ನ ಮುತ್ತು, ಅವಳು ನೂರು ವರ್ಷ ಹೊಟ್ಟೆ ತುಂಬ ಉಂಡು ಬಾಳಲಿ. ನನ್ನ ತಲೆಯ ಮೇಲೆ ನಿನ್ನ ಕೈಯಿರಲಿ.

ನಿನ್ನ ಹುಚ್ಚು ತಂಗಿ,
ಸೌಂದರ್ಯಾ

ತಾ. ಕ.: ಇಷ್ಟೆಲ್ಲ ಬರೆದದ್ದು ಇದನ್ನು ಬರೆಯುವ ಧೈರ್ಯಕ್ಕೆ. ನಿಪ್ಪಾಣಿಯಲ್ಲಿ ನಾನು ಐದನೇ ಕ್ಲಾಸಿನಲ್ಲಿದ್ದಾಗ ನಮ್ಮಿಬ್ಬರ ಹೆಸರನ್ನೂ ಒಂದು ದಿನದ ಉಪವಾಸಕ್ಕೆ ಬರೆಸಿದ್ದರು. ಹಿತ್ತಲಿನಲ್ಲಿ ಕಚ್ಚಿ ಬಿಟ್ಟ ಅರ್ಧ ಪೇರಲ ಹಣ್ಣು ಸಿಕ್ಕಿತು. ಯಾರು ಅಂತ ಕೇಳಿದಾಗ ನಾನು ನಿನ್ನ ಕಡೆ ಬೆರಳು ತೋರಿಸಿದೆ. ಬಸದಿಯ ಹೆಂಗಸರ ಮುಂದೆ ನಿನ್ನನ್ನು ನಿಲ್ಲಿಸಿ ನಕ್ಕರು. ಬಹುಮಾನದ ಸ್ಟೀಲ್ ತಟ್ಟೆ ನನಗೊಬ್ಬಳಿಗೇ ಸಿಕ್ಕಿತು. ಅವತ್ತಿನಿಂದ ನೀನು ಬಸದಿಯ ಮೆಟ್ಟಿಲು ಹತ್ತಿಲ್ಲ. ನನ್ನ ಮದುವೆಯ ದಿನವೂ ನಿಮ್ಮ ಚಪ್ಪಲಿ ಕಾಯುತ್ತೇನೆ ಅಂತ ಹೊರಗೇ ನಿಂತೆ. ಅಕ್ಕ, ಆ ಹಣ್ಣಿನ ಇನ್ನರ್ಧ ತಿಂದವಳು ನಾನು. ನೀನೇ ಮುರಿದು ಕೊಟ್ಟಿದ್ದೆ. ಅದನ್ನು ನಾನು ಇವತ್ತಿನವರೆಗೆ ಯಾರಿಗೂ ಹೇಳಲಿಲ್ಲ. ನೀನೂ ಹೇಳಲಿಲ್ಲ.