ಒಂದು ನಿಮಿಷದ ಮೌನ

ಮಾರ್ಚ್ ೧೪

ಪ್ರೀತಿಯ ಮೊಂಡ,

ನಿನ್ನ ಪತ್ರ ಬಂದು ಮೂರು ವಾರವಾಯಿತು, ಕ್ಷಮಿಸು. ‘ಅಕ್ಕಾ, ಮಾವನಿಗೆ ಹೀಗೆ ಮಾಡಿದ್ದು ಯಾರು?’ ಎಂಬ ನಿನ್ನ ಒಂದೇ ಸಾಲಿಗೆ ನಾಲ್ಕು ಸಲ ಉತ್ತರ ಬರೆದು ಹರಿದೆ. ಪ್ರತಿ ಸಲವೂ ಬರೀ ಬೈಗುಳವಾಗುತ್ತಿತ್ತು. ಮಗಳ ಜ್ವರ ಬಿಟ್ಟಿತೆ?

ನಮ್ಮ ಸಾಕ್ಷ್ಯಚಿತ್ರದ ಕೆಲಸದಲ್ಲೊಂದು ಪದ್ಧತಿ ಇದೆ. ಸಂದರ್ಶನ ಮುಗಿದ ಮೇಲೆ ಆ ಕೋಣೆಯ ಮೌನವನ್ನು ಒಂದು ನಿಮಿಷ ಧ್ವನಿಮುದ್ರಿಸುತ್ತೇವೆ. ಮಾತು ಕತ್ತರಿಸಿದ ಕಡೆ ತೇಪೆ ಹಾಕಲು ಬೇಕಾಗುತ್ತದೆ. ಆ ಹೊತ್ತು ಯಾರೂ ಅಲುಗಾಡಬಾರದು. ನನ್ನ ಚಿತ್ರಕ್ಕಾಗಿ ಮಾವನನ್ನು ಮಾತಾಡಿಸಿದ ದಿನ ಆ ನಿಮಿಷದಲ್ಲೂ ಕ್ಯಾಮೆರಾ ಆರಿಸಿರಲಿಲ್ಲ. ಮಾವ ಮೂಗಿನ ತುರಿಕೆ ತಡೆದುಕೊಂಡು, ನೆಲ ನೋಡುತ್ತಾ ಕೂತಿದ್ದ. ನೀನು ಟಿವಿಯಲ್ಲಿ ಕಂಡ ‘ತಪ್ಪಿತಸ್ಥ’ನ ಮುಖ ಅದು.

ಅದಕ್ಕೆ ಮೊದಲು ಎರಡು ಗಂಟೆ ಎಲ್ಲವನ್ನೂ ಹೇಳಿದ್ದ. ಯುದ್ಧದಲ್ಲಿ ಸೇತುವೆಯ ಮೇಲೆ ಶೆಲ್ ಬೀಳುತ್ತಿದ್ದದ್ದು, ತಾನು ಓಡಿಸುತ್ತಿದ್ದ ಲಾರಿ ತಿರುಗಿಸು ಎಂದು ಆಜ್ಞೆ ಬಂದದ್ದು, ಆಚೆ ದಡದಲ್ಲಿ ಮೂವರು ಉಳಿದದ್ದು, ಸಂಜೆ ತಾನೇ ನಡೆದು ಹೋಗಿ ಒಬ್ಬನನ್ನು ಹೊತ್ತು ತಂದದ್ದು. ಟಿವಿಯಲ್ಲಿ ಬಂದ ಚಿತ್ರದಲ್ಲಿ ಇದೊಂದೂ ಇಲ್ಲ. ಆ ದಡದಲ್ಲೇ ಸತ್ತವನೊಬ್ಬನ ಹೆಂಡತಿ ‘ಲಾರಿ ತಿರುಗಿಸ್ಕೊಂಡು ಹೋದೋರು ಯಾರು ಅಂತ ಇವತ್ತಿಗೂ ಗೊತ್ತಿಲ್ಲ’ ಅನ್ನುತ್ತಾಳೆ. ಮರುಕ್ಷಣ ಮಾವನ ಮುಖ.

ಚಾನೆಲ್ ಮುಖ್ಯಸ್ಥನ ಕೋಣೆಗೆ ನುಗ್ಗಿದೆ. ‘ಅವರ ಮಾತೆಲ್ಲ ಎಲ್ಲಿ?’ ಎಂದೆ.

‘ಮೇಡಂ, ಐವತ್ತು ನಿಮಿಷದಲ್ಲಿ ಯಾರ್ಯಾರ ಮಾತು ಇಡೋಣ? ಆ ಮುಖ ನೋಡಿ ಜನ ಅತ್ತಿದ್ದಾರೆ.’

‘ಅತ್ತಿಲ್ಲ, ಉಗಿದಿದ್ದಾರೆ.’

‘ಒಟ್ಟಿನಲ್ಲಿ ನೋಡಿದ್ದಾರಲ್ಲ!’ ಅಂದ. ಮೇಜಿನ ಮೇಲಿದ್ದ ಅವನ ಪ್ರಶಸ್ತಿಯ ಗಾಜನ್ನು ನೆಲಕ್ಕೆ ಕುಕ್ಕಬೇಕೆನಿಸಿತು. ಇಂಥವರು ಯುದ್ಧವನ್ನು ಸೋಫಾದಿಂದ ಗೆಲ್ಲುತ್ತಾರೆ. ಹೋರಾಡಿದವನನ್ನು ಕತ್ತರಿಯಿಂದ ಕೊಲ್ಲುತ್ತಾರೆ.

ನಿವೃತ್ತ ಸೈನಿಕರ ಸಂಘಕ್ಕೂ ಹೋಗಿದ್ದೆ. ಕೇರಂ ಬೋರ್ಡಿನ ನಾಲ್ಕೂ ಬದಿಯಿಂದ ಮಾವ ಒಬ್ಬನೇ ಆಡುತ್ತಿದ್ದ. ಮೂವತ್ತು ವರ್ಷದ ಗೆಳೆಯರು ಅವನಿಗೆ ಬೆನ್ನು ಹಾಕಿ ಪೇಪರ್ ಓದುತ್ತಿದ್ದರು. ಮಾವ ಅಂದು ಒಬ್ಬನನ್ನು ಹೊತ್ತು ತಂದನಲ್ಲ, ಅವನು ಬದುಕಿದ್ದರೆ ಎದ್ದು ಬಾಯಿ ಬಿಡುತ್ತಿದ್ದ. ಅವನೂ ಹೋಗಿ ಹತ್ತು ವರ್ಷ.

‘ಬಾರೇ ಹುಡುಗಿ, ಈಗ ಯಾವ ಕಡೆ ಗೆದ್ರೂ ನಾನೇ!’ ಎಂದು ನಕ್ಕ ಮಾವ. ನನಗೆ ನಗು ಬರಲಿಲ್ಲ.

ಅಪ್ಪ ಹೋದಾಗ ನಮ್ಮಿಬ್ಬರನ್ನೂ ಸಾಕಿದ ಕೈ ಅದು, ಮೊಂಡ. ಆ ಬೆನ್ನುಗಳು ಈ ಕಡೆ ತಿರುಗುವವರೆಗೆ ನನಗೆ ಬೇರೆ ಕೆಲಸವಿಲ್ಲ. ನೀನೂ ನಿನ್ನ ಮನೆಯವರೂ ತಣ್ಣಗಿರಿ. ಮಗಳಿಗೆ ಮುತ್ತು.

ನಿನ್ನ
ಅಕ್ಕ

ತಾ.ಕ.: ಮಾವನ ಮಾತು ತೆಗೆದದ್ದು ಚಾನೆಲ್‌ನವರು. ಆದರೆ ಆ ಹೆಂಗಸಿನ ಮಾತಿನ ಪಕ್ಕ ಆ ಮುಖ ಇಟ್ಟದ್ದು ಅವರಲ್ಲ. ಚಿತ್ರದ ಮೊದಲ ಕರಡಿನಲ್ಲಿ ನಾನೇ ಇಟ್ಟೆ. ಸುಳ್ಳೆಂದು ಗೊತ್ತಿತ್ತು, ತುಂಬಾ ಚೆನ್ನಾಗಿ ಕಂಡಿತು, ಬಿಟ್ಟುಬಿಟ್ಟೆ. ಚಾನೆಲ್‌ನವನನ್ನು ಬೈದು ಬಂದ ಮೇಲೂ ಇದನ್ನು ಮಾವನಿಗೆ ಹೇಳಿಲ್ಲ. ಅವನು ಆ ಬೆನ್ನುಗಳಿಗೆ ದಿನಾ ಹೇಳುತ್ತಿದ್ದಾನಂತೆ: ‘ನನ್ನನ್ನ ಏನಾದ್ರೂ ಅನ್ನಿ. ನಮ್ ಹುಡುಗಿ ಇಂಥದ್ದು ಮಾಡೋಳಲ್ಲ.’